ಮರದ ಕೆತ್ತನೆಯಲ್ಲಿ ಸಿಎನ್‌ಸಿ ಯಂತ್ರ: ವಿನ್ಯಾಸ, ದುಡಿಮೆ ಮತ್ತು ಗ್ರಾಮ ಪಂಚಾಯಿತಿಯ ಹೊಣೆ

(ಗ್ರಾಮ ಪಂಚಾಯಿತಿ ಸದಸ್ಯರ ತರಬೇತಿ ಕಾರ್ಯಕ್ರಮದಲ್ಲಿ ಪಂಚಾಯಿತಿ ಅಭಿವೃದ್ಧಿ ಅಧಿಕಾರಿಯೊಬ್ಬರು ನೀಡಿದ ಉಪನ್ಯಾಸದ ಪಠ್ಯ. ಜಿಲ್ಲೆಯ ಎಲ್ಲ ಗ್ರಾಮ ಪಂಚಾಯಿತಿ ಸದಸ್ಯರ ಅವಗಾಹನೆಗಾಗಿ ಪ್ರಕಟಿಸಲಾಗಿದೆ.)



ಕುಡಿಯುವ ನೀರು, ತೆರಿಗೆ ವಸೂಲಾತಿ, ಉದ್ಯೋಗ ಖಾತರಿ ಮುಂತಾದ ವಿಷಯಗಳ ನಡುವೆ ಮರದ ಕೆತ್ತನೆಯ ಯಂತ್ರದ ಬಗ್ಗೆ ಮಾತನಾಡಲು ನನಗೆ ಸೂಚಿಸಿದಾಗ, ಇದು ಪಂಚಾಯಿತಿಗೆ ಸಂಬಂಧಿಸಿದ ವಿಷಯವೇ ಎಂಬ ಪ್ರಶ್ನೆ ತಮ್ಮಲ್ಲಿ ಕೆಲವರಿಗೆ ಮೂಡಿರಬಹುದು. ನನ್ನ ಪಂಚಾಯಿತಿಯಲ್ಲಿ ಈ ವಿಷಯ ಗ್ರಾಮಸಭೆಯ ಮುಂದೆಯೇ ಬಂದಿತು. ಒಬ್ಬ ಸದಸ್ಯರು ಎದ್ದು ನಿಂತು, "ಪಂಚಾಯಿತಿಯಿಂದ ಒಂದು ಸಿಎನ್‌ಸಿ ಯಂತ್ರ ಖರೀದಿಸಿದರೆ ನಮ್ಮ ಹುಡುಗರಿಗೆ ಊರಲ್ಲೇ ಕೆಲಸ ಸಿಗುತ್ತದೆ" ಎಂದರು. ಅದೇ ಸಭೆಯಲ್ಲಿ ಇನ್ನೊಬ್ಬ ಸದಸ್ಯೆಯವರು, "ಆ ಯಂತ್ರ ಬಂದರೆ ಉಳಿ ಹಿಡಿದು ಬದುಕುತ್ತಿರುವ ಮನೆಗಳ ಗತಿಯೇನು?" ಎಂದು ಕೇಳಿದರು. ಇಬ್ಬರ ಮಾತಿನಲ್ಲಿಯೂ ಸತ್ಯವಿತ್ತು. ನಾನು ಮೆಕ್ಯಾನಿಕಲ್ ಎಂಜಿನಿಯರಿಂಗ್ ಓದಿದವನಾದುದರಿಂದ ವರದಿ ಸಲ್ಲಿಸುವ ಹೊಣೆ ನನ್ನ ಮೇಲೆ ಬಿತ್ತು. ಆ ವರದಿಗಾಗಿ ಕಲಿತದ್ದನ್ನು, ತಪ್ಪಿ ತಿಳಿದದ್ದನ್ನೂ ಸೇರಿಸಿ, ಇಂದು ತಮ್ಮ ಮುಂದಿಡುತ್ತಿದ್ದೇನೆ.

ನಮ್ಮ ಜಿಲ್ಲೆಗೆ ಈ ವಿಷಯ ಹೊರಗಿನದಲ್ಲ. ಸಾಗರ, ಸೊರಬ ಭಾಗದ ಗುಡಿಗಾರರ ಶ್ರೀಗಂಧದ ಕೆತ್ತನೆ ನಾಡಿನಾಚೆಗೂ ಹೆಸರಾದುದು. ಬೇಲೂರಿನ ದೇವಾಲಯದ ಶಿಲ್ಪಗಳಲ್ಲಿ ಹೆಸರು ಕೆತ್ತಿಟ್ಟಿರುವ ದಾಸೋಜ ನಮ್ಮದೇ ಬಳ್ಳಿಗಾವೆಯವನು. ಅವನ ಮಗ ಚಾವಣನ ಹೆಸರೂ ಅಲ್ಲಿದೆ. ಕಲ್ಲಾಗಲಿ ಮರವಾಗಲಿ, ಕೆತ್ತುವ ಕೈಗಳು ಈ ನೆಲದಲ್ಲಿ ಬಹುಕಾಲದಿಂದ ಇವೆ. ಆ ಕೈಗಳಿಗೆ ಹೊಸ ಯಂತ್ರದಲ್ಲಿ ಸ್ಥಾನವಿದೆಯೇ ಎಂಬುದೇ ಇಂದಿನ ಪ್ರಶ್ನೆ.

1. ಸಿಎನ್‌ಸಿ ಎಂದರೇನು?

ಗಣಕದ ಸಂಖ್ಯಾಸೂಚನೆಗಳಂತೆ ಚಲಿಸುವ ಯಂತ್ರವೇ ಸಿಎನ್‌ಸಿ. ಇದು ಹುಟ್ಟಿದ್ದು ಮರಕ್ಕಾಗಿ ಅಲ್ಲ. ಅಮೆರಿಕದ ಜಾನ್ ಪಾರ್ಸನ್ಸ್ ಎಂಬವರು ಹೆಲಿಕಾಪ್ಟರ್ ರೆಕ್ಕೆಗಳ ವಕ್ರರೇಖೆಗಳನ್ನು ನಿಖರವಾಗಿ ರೂಪಿಸಲು ಹೊರಟಾಗ ಮೂಡಿದ ಆಲೋಚನೆಯನ್ನು ಎಂಐಟಿ ಸಂಸ್ಥೆಯವರು ಮುಂದುವರಿಸಿ, 1952ರಲ್ಲಿ ರಂಧ್ರ ಕೊರೆದ ಪಟ್ಟಿಯ ಸೂಚನೆಯಂತೆ ಲೋಹ ಕೊರೆಯುವ ಯಂತ್ರವನ್ನು ಪ್ರದರ್ಶಿಸಿದರು. ಅದೇ ತತ್ತ್ವ ಇಂದು ನಮ್ಮ ತಾಲ್ಲೂಕು ಕೇಂದ್ರಗಳ ಬಾಗಿಲು ತಯಾರಿಕಾ ಘಟಕಗಳವರೆಗೆ ಬಂದಿದೆ.

ಒಂದು ದೊಡ್ಡ ಮೇಜು, ಅದರ ಮೇಲೆ ಅಡ್ಡಲಾಗಿ ಸರಿದಾಡುವ ತೊಲೆ, ತೊಲೆಗೆ ಜೋಡಿಸಿದ ಸ್ಪಿಂಡಲ್, ಅದರ ತುದಿಯಲ್ಲಿ ತಿರುಗುವ ಬಿಟ್. ತಿರುಗುವ ಉಳಿ ಎಂದು ಅದನ್ನು ಭಾವಿಸಬಹುದು. ಮೇಜಿನ ಉದ್ದಕ್ಕೆ ಚಲಿಸುವುದು ಎಕ್ಸ್, ಅಗಲಕ್ಕೆ ಚಲಿಸುವುದು ವೈ, ಮೇಲೆ ಕೆಳಗೆ ಚಲಿಸುವುದು ಝಡ್. ಈ ಮೂರು ಚಲನೆಗಳು ಏಕಕಾಲದಲ್ಲಿ ನಡೆದಾಗ ಹಲಗೆಯ ಮೇಲೆ ಉಬ್ಬುಶಿಲ್ಪ ಮೂಡುತ್ತದೆ.

ಯಂತ್ರಕ್ಕೆ ತಲುಪುವ ಆದೇಶಗಳನ್ನು ಜಿ-ಕೋಡ್ ಎನ್ನುತ್ತಾರೆ. "ಎಕ್ಸ್ 120, ವೈ 45 ಎಂಬ ಬಿಂದುವಿಗೆ, ಹಲಗೆಯ ಮೇಲ್ಮೈಯಿಂದ 3.2 ಮಿಲಿಮೀಟರ್ ಆಳದಲ್ಲಿ, ನಿಮಿಷಕ್ಕೆ 3000 ಮಿಲಿಮೀಟರ್ ವೇಗದಲ್ಲಿ ಸಾಗು" ಎಂಬುದು ಅಂತಹ ಒಂದು ಸಾಲು. ಒಂದು ಗಜಲಕ್ಷ್ಮಿಯ ಫಲಕಕ್ಕೆ ಇಂತಹ ಲಕ್ಷಾಂತರ ಸಾಲುಗಳು ಬೇಕಾಗಬಹುದು. ಅವನ್ನು ಯಾರೂ ಕೈಯಿಂದ ಬರೆಯುವುದಿಲ್ಲ, ತಂತ್ರಾಂಶ ಬರೆಯುತ್ತದೆ. ಯಂತ್ರಕ್ಕೆ ಲಕ್ಷ್ಮಿಯೂ ತಿಳಿಯದು, ಆನೆಯೂ ತಿಳಿಯದು. ಅದಕ್ಕೆ ತಿಳಿದಿರುವುದು ಮುಂದಿನ ಬಿಂದು ಮಾತ್ರ. ರೂಪವನ್ನು ಅರಿತವರು ಬೇರೆಯೇ ಒಬ್ಬರು ಇರಬೇಕು. ನನ್ನ ಇಂದಿನ ಉಪನ್ಯಾಸದ ಸಾರ ಇದೇ.

2. ಚಿತ್ರದಿಂದ ಕೆತ್ತನೆಯವರೆಗೆ

ಕೆಲಸವು ನಾಲ್ಕು ಹಂತಗಳಲ್ಲಿ ನಡೆಯುತ್ತದೆ.

ಮೊದಲನೆಯದು ರೇಖಾಚಿತ್ರ. ಬಳ್ಳಿ, ಹೂವು, ಅಂಚುಪಟ್ಟಿ ಇವುಗಳ ಬಾಹ್ಯರೇಖೆಗಳನ್ನು ಗಣಕದಲ್ಲಿ ಬರೆಯುವುದು. ಇದಕ್ಕೆ ಇಂಕ್‌ಸ್ಕೇಪ್ ಎಂಬ ಉಚಿತ ತಂತ್ರಾಂಶ ಸಾಕು.

ಎರಡನೆಯದು ಉಬ್ಬುರೂಪ. ರೇಖೆಯೊಳಗಿನ ಯಾವ ಭಾಗ ಎಷ್ಟು ಎತ್ತರವಿರಬೇಕು, ಎಲ್ಲಿ ದುಂಡಾಗಬೇಕು, ಯಾವ ಎಲೆ ಯಾವ ಎಲೆಯ ಮೇಲೆ ಹಾಯಬೇಕು ಎಂಬುದನ್ನು ನಿರ್ಧರಿಸುವುದು. ವೆಕ್ಟ್ರಿಕ್ ಆಸ್ಪೈರ್‌ನಂತಹ ತಂತ್ರಾಂಶಗಳನ್ನು ಹಣ ಕೊಟ್ಟು ಪಡೆಯಬೇಕು. ಬ್ಲೆಂಡರ್ ಎಂಬುದು ಉಚಿತ. ಅದರಲ್ಲಿ ಜೇಡಿಮಣ್ಣನ್ನು ತಿದ್ದಿದಂತೆಯೇ ರೂಪವನ್ನು ತಿದ್ದಬಹುದು.

ಮೂರನೆಯದು ಹಾದಿ ನಿರ್ಣಯ. ಯಾವ ಬಿಟ್, ಯಾವ ವೇಗ, ಎಷ್ಟು ಆಳ, ಯಾವ ದಿಕ್ಕು ಎಂಬುದನ್ನು ನಿಗದಿಪಡಿಸಿ ಜಿ-ಕೋಡ್ ಪಡೆಯುವುದು. ಮೊದಲು ಚಪ್ಪಟೆ ತುದಿಯ ದಪ್ಪ ಬಿಟ್‌ನಿಂದ ಒರಟಾಗಿ ಮರ ತೆಗೆದು, ಅರ್ಧ ಅಥವಾ ಒಂದು ಮಿಲಿಮೀಟರ್ ಉಳಿಸಿ, ಬಳಿಕ ದುಂಡು ತುದಿಯ ಬಿಟ್‌ನಿಂದ ನಯಗೊಳಿಸುತ್ತಾರೆ. ಬಾಚಿಯಿಂದ ಒರಟು ತೆಗೆದು ಉಳಿಯಿಂದ ನಯ ಮಾಡುವ ನಮ್ಮ ಆಚಾರ್ಯರ ಕ್ರಮವೂ ಇದೇ ಅಲ್ಲವೇ?

ನಾಲ್ಕನೆಯದು ಯಂತ್ರದ ಕೆಲಸ ಮತ್ತು ಕೈಯ ಕೆಲಸ. ಮೂರು ಅಕ್ಷಗಳ ಯಂತ್ರದ ಬಿಟ್ ಮೇಲಿನಿಂದ ನೇರವಾಗಿ ಇಳಿಯುತ್ತದೆಯೇ ವಿನಾ ಅಡಿಗೆ ಬಾಗಿ ಒಳಗೆ ಕೊರೆಯಲಾರದು. ಎಲೆಯ ಅಂಚಿನ ಅಡಿಯಲ್ಲಿ ಟೊಳ್ಳು ಬಿಡಿಸಿ ಎಲೆ ಹಲಗೆಯಿಂದ ಎದ್ದು ನಿಂತಂತೆ ಕಾಣಿಸಬೇಕಾದರೆ ಉಳಿಯೇ ಬೇಕು. ದುಂಡು ಬಿಟ್‌ಗೆ ಚೂಪಾದ ಒಳಮೂಲೆಯೂ ದಕ್ಕುವುದಿಲ್ಲ. ಕಣ್ಣಿನ ಕೊನೆ, ತುಟಿಯ ಸೀಳು, ಬೆರಳುಗಳ ನಡುವಿನ ಗೆರೆ ಇವೆಲ್ಲ ಕೈಗೆ ಉಳಿದ ಕೆಲಸಗಳು.

3. ನಾನು ಮಾಡಿದ ತಪ್ಪು

ವರದಿ ಬರೆಯುವ ಮೊದಲು ಸ್ವತಃ ಒಂದು ಫಲಕ ಮಾಡಿಸಿ ನೋಡೋಣವೆಂದು ನಿರ್ಧರಿಸಿದೆ. ನಮ್ಮ ಪಂಚಾಯಿತಿ ವ್ಯಾಪ್ತಿಯಲ್ಲಿ ಒಬ್ಬ ಹಿರಿಯ ಮರಗೆಲಸದವರಿದ್ದಾರೆ. ಊರಿನವರೆಲ್ಲ ಅವರನ್ನು ಆಚಾರ್ರು ಎಂದೇ ಕರೆಯುತ್ತಾರೆ. ಅವರ ಮಗ ಐಟಿಐ ಮುಗಿಸಿ ಪಟ್ಟಣದ ಒಂದು ಘಟಕದಲ್ಲಿ ಸಿಎನ್‌ಸಿ ಯಂತ್ರಕ್ಕೆ ಹಲಗೆ ಜೋಡಿಸುವ ಕೂಲಿ ಮಾಡುತ್ತಿದ್ದಾರೆ. ತಂದೆಯದು ಕೆತ್ತನೆ, ಮಗನದು ಯಂತ್ರ. ಆದರೆ ಆ ಘಟಕದಲ್ಲಿ ಕೆತ್ತುವ ವಿನ್ಯಾಸ ಇಬ್ಬರದೂ ಅಲ್ಲ, ಎಲ್ಲಿಂದಲೋ ಕೊಂಡು ತಂದ ಕಡತ.

ಗ್ರಾಮದೇವತೆಯ ಮುಖದ ಛಾಯಾಚಿತ್ರವೊಂದನ್ನು ನಾನೇ ತೆಗೆದೆ. ಅದನ್ನು ಕಪ್ಪು ಬಿಳುಪಿಗೆ ಪರಿವರ್ತಿಸಿ ತಂತ್ರಾಂಶಕ್ಕೆ ಕೊಟ್ಟೆ. ಬೆಳಕಿರುವಲ್ಲಿ ಎತ್ತರ, ಕತ್ತಲಿರುವಲ್ಲಿ ತಗ್ಗು ಎಂದು ತಂತ್ರಾಂಶ ಲೆಕ್ಕ ಹಾಕಿತು. ಪರದೆಯ ಮೇಲೆ ಚೆನ್ನಾಗಿಯೇ ಕಂಡಿತು. ಮಗನ ಬಿಡುವಿನ ದಿನ, ಘಟಕದವರ ಅನುಮತಿ ಪಡೆದು, ಒಳ್ಳೆಯ ಶಿವನೆ ಹಲಗೆಯೊಂದರ ಮೇಲೆ ಕೆತ್ತಿಸಿದೆವು.

ಬಂದ ಫಲಕವನ್ನು ಆಚಾರ್ಯರ ಕೈಗಿತ್ತಾಗ ಅವರು ಬಹಳ ಹೊತ್ತು ಮಾತನಾಡಲಿಲ್ಲ. ಕಪ್ಪು ಕೂದಲಿದ್ದಲ್ಲಿ ಹಳ್ಳ ಬಿದ್ದಿತ್ತು. ಕುಂಕುಮವಿದ್ದಲ್ಲಿ ಹಣೆಯ ನಡುವೆ ಗುಳಿ. ಕಣ್ಣುಗುಡ್ಡೆಗಳು ಕೊರೆದ ತೂತುಗಳಂತಿದ್ದವು. ಕಿಟಕಿಯ ಬೆಳಕು ಬಿದ್ದಿದ್ದ ಎಡಗೆನ್ನೆ ಮೂಗಿಗಿಂತ ಮುಂದೆ ಬಂದಿತ್ತು. ಕೊನೆಗೆ ಅವರು ಹೇಳಿದ್ದು ಇಷ್ಟೇ: "ಸಾರ್, ಇದು ಅಮ್ಮನ ಮುಖ ಅಲ್ಲ. ಅಮ್ಮನ ಮುಖದ ಮೇಲೆ ಬಿದ್ದ ಬೆಳಕು."

ಎಂಜಿನಿಯರಿಂಗ್ ಪದವಿ ಪಡೆದ ನಾನು ಈ ಸರಳ ವ್ಯತ್ಯಾಸವನ್ನು ಅಲಕ್ಷಿಸಿದ್ದೆ. ಛಾಯಾಚಿತ್ರ ದಾಖಲಿಸುವುದು ಬೆಳಕನ್ನು, ಎತ್ತರವನ್ನಲ್ಲ. ಒಂದೇ ಎತ್ತರದಲ್ಲಿರುವ ಬಿಳಿ ಮತ್ತು ಕಪ್ಪು ಅದಕ್ಕೆ ಬೇರೆ ಬೇರೆ. ಇದಲ್ಲದೆ, ಸಾಮಾನ್ಯ ಛಾಯಾಚಿತ್ರದಲ್ಲಿ ಕಪ್ಪಿನಿಂದ ಬಿಳುಪಿನವರೆಗೆ 256 ಮೆಟ್ಟಿಲುಗಳು ಮಾತ್ರ ಇರುತ್ತವೆ. 25 ಮಿಲಿಮೀಟರ್ ಆಳವನ್ನು ಅಷ್ಟಾಗಿ ಭಾಗಿಸಿದರೆ ಒಂದೊಂದು ಮೆಟ್ಟಿಲು ಸುಮಾರು 0.1 ಮಿಲಿಮೀಟರ್. ನಯವಾಗಿರಬೇಕಾದ ಕೆನ್ನೆಯ ಮೇಲೆ ಈ ಮೆಟ್ಟಿಲುಗಳು ಓರೆ ಬೆಳಕಿನಲ್ಲಿ ಕಾಣುತ್ತವೆ.

ಆ ಬಳಿಕ ನಾವು ಕ್ರಮವನ್ನು ತಿರುಗಿಸಿದೆವು. ಆಚಾರ್ಯರು ಕಾಗದದ ಮೇಲೆ ಬರೆಯುವುದು, ಮಗ ಮತ್ತು ನಾನು ಅದನ್ನು ಗಣಕಕ್ಕೆ ಇಳಿಸುವುದು. ಆಗ ನನಗೆ ಇನ್ನೊಂದು ವಿಷಯ ತಿಳಿಯಿತು. ಶಿಲ್ಪಶಾಸ್ತ್ರದ ತಾಳಮಾನದಲ್ಲಿ ಮುಖದ ಉದ್ದವೇ ಒಂದು ತಾಳ. ನವತಾಳದ ಮೂರ್ತಿಯ ಎತ್ತರ ಒಂಬತ್ತು ತಾಳ. ಒಂದು ತಾಳಕ್ಕೆ ಹನ್ನೆರಡು ಅಂಗುಲ. ಮೂರ್ತಿ 540 ಮಿಲಿಮೀಟರ್ ಎತ್ತರವಾದರೆ ತಾಳ 60 ಮಿಲಿಮೀಟರ್, ಅಂಗುಲ 5 ಮಿಲಿಮೀಟರ್. ಒಂದು ಮೂಲ ಅಳತೆಯನ್ನು ಬದಲಿಸಿದರೆ ಉಳಿದೆಲ್ಲ ಅಳತೆಗಳೂ ಅದಕ್ಕನುಗುಣವಾಗಿ ಬದಲಾಗುವ ಈ ಪದ್ಧತಿಯನ್ನು ಕಾಲೇಜಿನಲ್ಲಿ ನಮಗೆ ಗಣಕ ವಿನ್ಯಾಸದ ಆಧುನಿಕ ವಿಧಾನವೆಂದು ಕಲಿಸಿದ್ದರು. ಆಚಾರ್ಯರು ಅದನ್ನು ತಮ್ಮ ತಂದೆಯಿಂದ ಕಲಿತಿದ್ದರು.

ಮೂರನೆಯ ಪ್ರಯತ್ನದ ಫಲಕ ಸರಿಯಾಗಿ ಬಂದಿತು. ಮೂಗು, ಗಲ್ಲ, ಹಣೆ, ಕಿವಿ ಇವುಗಳ ಎತ್ತರದ ಕ್ರಮವನ್ನು ಆಚಾರ್ಯರೇ ಹೇಳಿ ಬರೆಸಿದ್ದರು. ಯಂತ್ರ ಕೆತ್ತಿದ ನಂತರ ಎರಡು ದಿನ ಕೂತು ಕಣ್ಣು, ತುಟಿ, ಒಡವೆಗಳನ್ನು ಉಳಿಯಿಂದ ಬಿಡಿಸಿದರು. ಪೂರ್ತಿ ಕೈಯಿಂದಲೇ ಆಗಿದ್ದರೆ ಎಷ್ಟು ದಿನ ಹಿಡಿಯುತ್ತಿತ್ತೆಂದು ಕೇಳಿದೆ. "ಹತ್ತು ದಿನಕ್ಕೆ ಕಡಿಮೆ ಇಲ್ಲ" ಎಂದರು. "ಈ ಎಂಟು ದಿನದ ಕೂಲಿ ಯಾರಿಗೆ ಸೇರುತ್ತದೆ?" ಎಂದೂ ಕೇಳಿದರು. ಆ ಪ್ರಶ್ನೆಗೆ ನಾನು ಮತ್ತೆ ಬರುತ್ತೇನೆ.

4. ಸಮಯ, ವೇಗ ಮತ್ತು ಹಣದ ಲೆಕ್ಕ

ಯಂತ್ರ ಮಾರಲು ಬರುವವರು ವೇಗದ ಬಗ್ಗೆ ಬಹಳ ಹೇಳುತ್ತಾರೆ. ಆ ಲೆಕ್ಕವನ್ನು ನಾವೇ ಹಾಕಬಲ್ಲೆವು.

600 ಮಿಲಿಮೀಟರ್ ಉದ್ದ, 300 ಮಿಲಿಮೀಟರ್ ಅಗಲದ ಒಂದು ಫಲಕವನ್ನು ತೆಗೆದುಕೊಳ್ಳೋಣ. 6 ಮಿಲಿಮೀಟರ್ ವ್ಯಾಸದ ದುಂಡು ಬಿಟ್ ಒಂದು ಸಾಲಿನಿಂದ ಮುಂದಿನ ಸಾಲಿಗೆ 0.6 ಮಿಲಿಮೀಟರ್ ಸರಿಯುತ್ತದೆ ಎಂದಿಟ್ಟುಕೊಂಡರೆ 500 ಸಾಲುಗಳಾಗುತ್ತವೆ. ಉತ್ತ ಗದ್ದೆಯ ಸಾಲುಗಳಂತೆಯೇ ಇದು. ಒಟ್ಟು ನಡೆ 300 ಮೀಟರ್. ನಿಮಿಷಕ್ಕೆ 3 ಮೀಟರ್ ವೇಗದಲ್ಲಿ 100 ನಿಮಿಷ. ಇದು ನಯಗೊಳಿಸುವ ಹಂತಕ್ಕೆ ಮಾತ್ರ. ಒರಟು ಕೆತ್ತನೆ, ಬಿಟ್ ಬದಲಾವಣೆ, ಹಲಗೆ ಜೋಡಣೆ ಬೇರೆ.

ಸಾಲುಗಳ ಅಂತರವನ್ನು 1.2 ಮಿಲಿಮೀಟರಿಗೆ ಹೆಚ್ಚಿಸಿದರೆ ಸಮಯ 50 ನಿಮಿಷಕ್ಕೆ ಇಳಿಯುತ್ತದೆ. ಆದರೆ ಸಾಲುಗಳ ನಡುವೆ ಉಳಿಯುವ ಏಣು 0.015 ಮಿಲಿಮೀಟರಿನಿಂದ 0.06 ಮಿಲಿಮೀಟರಿಗೆ, ಅಂದರೆ ನಾಲ್ಕು ಪಟ್ಟು, ಏರುತ್ತದೆ. ಯಂತ್ರದಲ್ಲಿ ಉಳಿಸಿದ ಸಮಯವನ್ನು ಸ್ಯಾಂಡ್ ಪೇಪರ್ ಹಿಡಿದವರು ತೆರಬೇಕಾಗುತ್ತದೆ. ಆ ಕೆಲಸ ಸಾಮಾನ್ಯವಾಗಿ ಮನೆಯ ಹೆಣ್ಣುಮಕ್ಕಳ ಪಾಲಿಗೆ, ಲೆಕ್ಕಕ್ಕೆ ಸಿಗದ ದುಡಿಮೆಯಾಗಿ ಬರುತ್ತದೆ. ಸದಸ್ಯೆಯರು ಇದನ್ನು ವಿಶೇಷವಾಗಿ ಗಮನಿಸಬೇಕೆಂದು ಕೋರುತ್ತೇನೆ.

ನಿಧಾನವಾಗಿ ಓಡಿಸಿದರೆ ಯಂತ್ರಕ್ಕೆ ಕ್ಷೇಮ ಎಂಬ ನಂಬಿಕೆಯೂ ಪೂರ್ತಿ ಸರಿಯಲ್ಲ. ನಿಮಿಷಕ್ಕೆ 18,000 ಸುತ್ತು ತಿರುಗುವ, ಎರಡು ಅಲಗುಗಳ ಬಿಟ್ 3000 ಮಿಲಿಮೀಟರ್ ವೇಗದಲ್ಲಿ ಸಾಗಿದರೆ ಪ್ರತಿ ಅಲಗು ಸುಮಾರು 0.08 ಮಿಲಿಮೀಟರ್ ದಪ್ಪದ ಚಕ್ಕೆಯನ್ನು ಎಬ್ಬಿಸುತ್ತದೆ. ವೇಗವನ್ನು 600ಕ್ಕೆ ಇಳಿಸಿದರೆ ಚಕ್ಕೆಯ ದಪ್ಪ 0.02 ಮಿಲಿಮೀಟರಿಗಿಂತ ಕಡಿಮೆಯಾಗುತ್ತದೆ. ಆಗ ಅಲಗು ಕತ್ತರಿಸುವ ಬದಲು ಉಜ್ಜುತ್ತದೆ, ಮರ ಸುಟ್ಟು ಕಪ್ಪಾಗುತ್ತದೆ, ಬಿಟ್ ಮೊಂಡಾಗುತ್ತದೆ.

ಮರದ ಗುಣವೂ ಮುಖ್ಯ. ತೇಗದಲ್ಲಿ ಸಿಲಿಕಾ ಅಂಶವಿರುವುದರಿಂದ ಬಿಟ್ ಬೇಗ ಸವೆಯುತ್ತದೆ. ಗಂಟು ಇರುವಲ್ಲಿ, ನಾರು ದಿಕ್ಕು ಬದಲಿಸುವಲ್ಲಿ ಚಕ್ಕೆ ಸಿಡಿಯುತ್ತದೆ. ನಮ್ಮ ಮಲೆನಾಡಿನ ಮಳೆಗಾಲದಲ್ಲಿ ಹಲಗೆ ತೇವ ಹೀರುತ್ತದೆ. ಸರಿಯಾಗಿ ಒಣಗದ ಹಲಗೆಯ ಒಂದೇ ಮುಖವನ್ನು ಆಳವಾಗಿ ಕೆತ್ತಿದರೆ ಅದು ಕೆಲವೇ ದಿನಗಳಲ್ಲಿ ದೋಣಿಯಂತೆ ಬಾಗುತ್ತದೆ. ಯಾವ ಹಲಗೆ ಒಣಗಿದೆ, ಯಾವುದು ಬಾಗುತ್ತದೆ ಎಂಬುದನ್ನು ತಟ್ಟಿ, ಎತ್ತಿ ನೋಡಿ ಹೇಳುವ ಅನುಭವ ನಮ್ಮ ಬಡಗಿಗಳಲ್ಲಿದೆ. ಯಂತ್ರದ ಪರದೆಯಲ್ಲಿ ಅದಿಲ್ಲ.

ವಿದ್ಯುತ್ ಇನ್ನೊಂದು ಸಂಗತಿ. ಕೆತ್ತನೆಯ ನಡುವೆ ಕರೆಂಟ್ ಹೋದರೆ ಯಂತ್ರ ತಾನಿದ್ದ ಬಿಂದುವನ್ನು ಮರೆಯಬಹುದು. ಮತ್ತೆ ಆರಂಭಿಸುವಾಗ ಕೂದಲೆಳೆಯಷ್ಟು ತಪ್ಪಿದರೂ ಮುಖದ ಮೇಲೆ ಗೀರು ಬೀಳುತ್ತದೆ. ಆದುದರಿಂದ ಯೋಜನಾ ವರದಿಯಲ್ಲಿ ಯಂತ್ರದ ಬೆಲೆಯಷ್ಟೇ ಅಲ್ಲದೆ ವಿದ್ಯುತ್ ಸಂಪರ್ಕ, ಯುಪಿಎಸ್, ಬಿಟ್‌ಗಳು, ಧೂಳು ಹೀರುವ ಸಾಧನ, ತಂತ್ರಾಂಶದ ಪರವಾನಗಿ, ದುರಸ್ತಿ ಮತ್ತು ಸಾಲದ ಕಂತು ಇವೆಲ್ಲವೂ ಇರಬೇಕು. ಇವನ್ನೆಲ್ಲ ಕೂಡಿಸಿ, ತಿಂಗಳಿಗೆ ನಿಜವಾಗಿ ಎಷ್ಟು ಗಂಟೆ ಕೆಲಸ ಸಿಗುತ್ತದೆ ಎಂಬುದರಿಂದ ಭಾಗಿಸಿ ಬಂದ ಗಂಟೆಯ ದರವನ್ನು ನೋಡಿದ ಮೇಲೆಯೇ ನಿರ್ಧಾರ ಮಾಡಬೇಕು. ನಮ್ಮ ಪಂಚಾಯಿತಿ ವ್ಯಾಪ್ತಿಯ ಕೆಲಸದಿಂದ ಒಂದು ಯಂತ್ರ ತಿಂಗಳಲ್ಲಿ ಹೆಚ್ಚಿನ ದಿನ ಖಾಲಿ ನಿಲ್ಲುತ್ತದೆ ಎಂಬುದು ನಾನು ಕಂಡ ಫಲಿತಾಂಶ. ಯಂತ್ರ ನಿಂತರೂ ಕಂತು ನಿಲ್ಲುವುದಿಲ್ಲ.

5. ಎಂಟು ದಿನದ ಕೂಲಿ ಯಾರಿಗೆ?

ಆಚಾರ್ಯರ ಪ್ರಶ್ನೆಗೆ ಬರೋಣ. ಯಂತ್ರ ಉಳಿಸಿದ ದಿನಗಳ ಲಾಭ ವಿನ್ಯಾಸ ಯಾರದೋ ಅವರಿಗೆ ಸೇರುತ್ತದೆ. ವಿನ್ಯಾಸವನ್ನು ಹೊರಗಿನಿಂದ ಕೊಂಡರೆ ನಮ್ಮವರಿಗೆ ಉಳಿಯುವುದು ಹಲಗೆ ಜೋಡಿಸುವ ಕೂಲಿ ಮತ್ತು ಉಜ್ಜುವ ಕೂಲಿ. ಆ ಕೂಲಿಯೂ ಪೈಪೋಟಿಯಲ್ಲಿ ಇಳಿಯುತ್ತ ಹೋಗುತ್ತದೆ, ಏಕೆಂದರೆ ಅದೇ ಕಡತವನ್ನು ಕೊಂಡ ಯಾವ ಊರಿನ ಘಟಕವಾದರೂ ಅದೇ ಬಾಗಿಲನ್ನು ಮಾಡಬಲ್ಲದು. ಇಂದು ಹೊಸ ಮನೆಗಳ ಹೆಬ್ಬಾಗಿಲುಗಳಲ್ಲಿ ಒಂದೇ ನವಿಲು, ಒಂದೇ ಗಣಪತಿ ಊರೂರಿಗೂ ಕಾಣುವುದಕ್ಕೆ ಕಾರಣ ಇದೇ. ವಿನ್ಯಾಸ ನಮ್ಮವರದೇ ಆದರೆ, ಯಂತ್ರ ಬೇರೆಯವರದಾಗಿದ್ದರೂ, ಬೆಲೆ ಹೇಳುವ ಹಕ್ಕು ನಮ್ಮವರಲ್ಲಿ ಉಳಿಯುತ್ತದೆ.

ಚನ್ನಪಟ್ಟಣದ ಉದಾಹರಣೆ ನೋಡಿ. ಅಲ್ಲಿ ಕೈಯಿಂದ ತಿರುಗಿಸುತ್ತಿದ್ದ ಪಟ್ಟಡಿಗಳ ಬದಲಿಗೆ ವಿದ್ಯುತ್ ಲೇತ್‌ಗಳು ಬಂದವು. ಆದರೂ ಹಾಲೆಮರದ ತುಂಡಿಗೆ ಆಕಾರ ಕೊಡುವ, ತಿರುಗುತ್ತಿರುವಾಗಲೇ ಅರಗಿನ ಬಣ್ಣ ಒತ್ತಿ ಹೊಳಪು ಬರಿಸುವ ಕೌಶಲ ಕುಶಲಕರ್ಮಿಯಲ್ಲೇ ಉಳಿಯಿತು. ಆ ಗೊಂಬೆಗಳಿಗೆ ಭೌಗೋಳಿಕ ಸೂಚಿಕೆಯ ಮಾನ್ಯತೆಯೂ ದೊರೆಯಿತು. ಯಂತ್ರ ಬಂದುದರಿಂದಲೇ ಕಸುಬು ಅಳಿಯುವುದಿಲ್ಲ. ರೂಪದ ನಿರ್ಧಾರ ಕೈತಪ್ಪಿದಾಗ ಅಳಿಯುತ್ತದೆ.

ದಾಸೋಜನು ತನ್ನ ಶಿಲ್ಪದ ಮೇಲೆ ಹೆಸರು ಕೆತ್ತಿದಂತೆ ನಮ್ಮ ಕುಶಲಕರ್ಮಿಗಳೂ ಪ್ರತಿ ಕಡತದಲ್ಲಿ, ಪ್ರತಿ ಫಲಕದ ಹಿಂಬದಿಯಲ್ಲಿ ತಮ್ಮ ಹೆಸರು, ಊರು, ವರ್ಷ ನಮೂದಿಸುವ ರೂಢಿ ಮಾಡಿಕೊಳ್ಳಬೇಕು. ಘಟಕಕ್ಕೆ ಕೆಲಸ ಕೊಡುವಾಗ ತಿದ್ದಬಹುದಾದ ಮೂಲ ಕಡತವನ್ನು ತಮ್ಮಲ್ಲೇ ಇಟ್ಟುಕೊಂಡು, ಆ ಅಳತೆಯ ಜಿ-ಕೋಡನ್ನು ಮಾತ್ರ ಕೊಡುವುದು ಒಳ್ಳೆಯದು.

6. ಗ್ರಾಮ ಪಂಚಾಯಿತಿ ಏನು ಮಾಡಬಹುದು?

ನನ್ನ ವರದಿಯ ಶಿಫಾರಸುಗಳನ್ನು ತಮ್ಮ ಪರಿಶೀಲನೆಗೆ ಇಡುತ್ತೇನೆ.

ಒಂದು: ಪಂಚಾಯಿತಿಯೇ ಯಂತ್ರ ಖರೀದಿಸುವುದು ಸದ್ಯಕ್ಕೆ ಬೇಡ. ಮೊದಲು ವಿನ್ಯಾಸ ಕಲಿಕೆ, ಅನಂತರ ಬಾಡಿಗೆ ಯಂತ್ರದಲ್ಲಿ ಕೆಲಸ, ನಿಯಮಿತ ಬೇಡಿಕೆ ಕುದುರಿದ ಮೇಲೆ ಕುಶಲಕರ್ಮಿಗಳ ಗುಂಪಿನಿಂದಲೇ ಯಂತ್ರ. ಈ ಅನುಕ್ರಮ ತಪ್ಪಬಾರದು.

ಎರಡು: ನಮ್ಮ ಗ್ರಾಮ ಪಂಚಾಯಿತಿ ಅರಿವು ಕೇಂದ್ರಗಳ ಗಣಕಗಳನ್ನು ಬಳಸೋಣ. ಇಂಕ್‌ಸ್ಕೇಪ್, ಬ್ಲೆಂಡರ್, ಫ್ರೀಕ್ಯಾಡ್ ಮೂರಕ್ಕೂ ಪರವಾನಗಿ ಶುಲ್ಕವಿಲ್ಲ. ಇಂಕ್‌ಸ್ಕೇಪ್ ಸಾಧಾರಣ ಗಣಕದಲ್ಲಿಯೂ ನಡೆಯುತ್ತದೆ, ಬ್ಲೆಂಡರ್‌ಗೆ ಸ್ವಲ್ಪ ಉತ್ತಮ ಗಣಕ ಬೇಕು. ಒಬ್ಬ ಹಿರಿಯ ಕುಶಲಕರ್ಮಿ ಮತ್ತು ಒಬ್ಬ ಕಿರಿಯರು ಜೊತೆಯಾಗಿ ಕೂರುವಂತೆ ವ್ಯವಸ್ಥೆಯಾಗಬೇಕು. ಒಬ್ಬರಿಗೆ ರೂಪ ಗೊತ್ತು, ಇನ್ನೊಬ್ಬರಿಗೆ ಮೌಸ್ ಗೊತ್ತು. ಪರವಾನಗಿ ಇಲ್ಲದ ನಕಲಿ ತಂತ್ರಾಂಶಗಳನ್ನು ಪಂಚಾಯಿತಿಯ ಗಣಕಗಳಲ್ಲಿ ಯಾವ ಕಾರಣಕ್ಕೂ ಹಾಕಬಾರದು. ಹಿಂದೆ ಬಹಳ ಬಳಕೆಯಲ್ಲಿದ್ದ ಆರ್ಟ್‌ಕ್ಯಾಮ್ ಅನ್ನು ಅದರ ಒಡೆತನದ ಆಟೋಡೆಸ್ಕ್ ಸಂಸ್ಥೆ 2018ರಲ್ಲೇ ನಿಲ್ಲಿಸಿದೆ. ಅದರ ಹೆಸರಿನಲ್ಲಿ ಕೈಬದಲಾಗುವ ಪ್ರತಿಗಳಿಂದ ಕಾನೂನಿನ ತೊಡಕೂ ವೈರಸ್ ಹಾವಳಿಯೂ ಬರಬಹುದು.

ಮೂರು: ಪಿಎಂ ವಿಶ್ವಕರ್ಮ ಯೋಜನೆ. 2023ರ ಸೆಪ್ಟೆಂಬರ್ 17ರಂದು ಆರಂಭವಾದ ಈ ಯೋಜನೆಯ 18 ಕಸುಬುಗಳಲ್ಲಿ ಬಡಗಿ ವೃತ್ತಿಯೂ ಸೇರಿದೆ. ಮಾರ್ಗಸೂಚಿಯಂತೆ ತರಬೇತಿಯ ಅವಧಿಯಲ್ಲಿ ದಿನಕ್ಕೆ 500 ರೂಪಾಯಿ ಭತ್ಯೆ, ಉಪಕರಣಗಳಿಗೆ 15,000 ರೂಪಾಯಿವರೆಗಿನ ಇ-ವೋಚರ್, ಶೇ. 5ರ ಬಡ್ಡಿಯಲ್ಲಿ ಮೊದಲ ಕಂತಾಗಿ 1 ಲಕ್ಷ, ಎರಡನೆಯ ಕಂತಾಗಿ 2 ಲಕ್ಷ ರೂಪಾಯಿವರೆಗೆ ಜಾಮೀನುರಹಿತ ಸಾಲಕ್ಕೆ ಅವಕಾಶವಿದೆ. ಅರ್ಜಿಯ ಮೊದಲ ಹಂತದ ಪರಿಶೀಲನೆ ಗ್ರಾಮ ಪಂಚಾಯಿತಿ ಮಟ್ಟದಲ್ಲೇ ನಡೆಯುತ್ತದೆ. ಆದುದರಿಂದ ಇಲ್ಲಿ ನಮ್ಮ ಹೊಣೆ ನೇರವಾದುದು. ಕೈಯಿಂದ, ಉಪಕರಣಗಳಿಂದ ನಿಜವಾಗಿ ದುಡಿಯುವವರ ಹೆಸರು ಬಿಟ್ಟುಹೋಗಬಾರದು, ಕಸುಬೇ ಗೊತ್ತಿಲ್ಲದವರ ಹೆಸರು ಸೇರಬಾರದು. ಕುಟುಂಬಕ್ಕೆ ಒಬ್ಬರು ಎಂಬ ನಿಯಮವಿದೆ. ಅಲ್ಲಿ ಕುಟುಂಬವೆಂದರೆ ಪತಿ, ಪತ್ನಿ ಮತ್ತು ಅವಿವಾಹಿತ ಮಕ್ಕಳು. ಮದುವೆಯಾದ ಮಗನ ಅರ್ಜಿಯನ್ನು ತಂದೆಯ ಹೆಸರಿದೆ ಎಂಬ ಒಂದೇ ಕಾರಣಕ್ಕೆ ತಡೆಯುವಂತಿಲ್ಲ.

ನಾಲ್ಕು: ಮುಂದೆ ಘಟಕವನ್ನೇ ಸ್ಥಾಪಿಸಲು ಬಯಸುವವರಿಗೆ ಪಿಎಂಇಜಿಪಿ ಮಾರ್ಗಸೂಚಿಯಂತೆ ಗ್ರಾಮೀಣ ಪ್ರದೇಶದಲ್ಲಿ ಸಾಮಾನ್ಯ ವರ್ಗಕ್ಕೆ ಶೇ. 25, ಮಹಿಳೆಯರೂ ಸೇರಿದ ವಿಶೇಷ ವರ್ಗಗಳಿಗೆ ಶೇ. 35 ಸಹಾಯಧನವಿದೆ. ಒಂದು ಯೋಜನೆಯ ಸಾಲ ಇನ್ನೊಂದಕ್ಕೆ ಅಡ್ಡಿಯಾಗುವ ನಿಬಂಧನೆಗಳೂ ಇರುವುದರಿಂದ ಅರ್ಜಿಗೆ ಮುನ್ನ ಜಿಲ್ಲಾ ಕೈಗಾರಿಕಾ ಕೇಂದ್ರದಲ್ಲಿ ಚಾಲ್ತಿ ನಿಯಮವನ್ನು ಖಚಿತಪಡಿಸಿಕೊಳ್ಳುವಂತೆ ತಿಳಿಸಬೇಕು.

ಐದು: ಯಂತ್ರ ಸ್ಥಾಪನೆಗೆ ಪಂಚಾಯಿತಿಯ ಅನುಮತಿ ಕೋರಿ ಬರುವ ಅರ್ಜಿಗಳಲ್ಲಿ ಧೂಳು ಮತ್ತು ಸದ್ದಿನ ನಿಯಂತ್ರಣವನ್ನು ಕಟ್ಟುನಿಟ್ಟಾಗಿ ನೋಡಬೇಕು. ಮರದ ಧೂಳನ್ನು ವಿಶ್ವ ಆರೋಗ್ಯ ಸಂಸ್ಥೆಯ ಕ್ಯಾನ್ಸರ್ ಸಂಶೋಧನಾ ವಿಭಾಗವು ಮನುಷ್ಯರಿಗೆ ಕ್ಯಾನ್ಸರ್‌ಕಾರಕವೆಂದು ವರ್ಗೀಕರಿಸಿದೆ. ಬಾಯಿಗೆ ಕರವಸ್ತ್ರ ಕಟ್ಟಿಕೊಂಡರೆ ಸಾಲದು. ಧೂಳನ್ನು ಹುಟ್ಟುವಲ್ಲೇ ಹೀರುವ ಸಾಧನ ಇರಬೇಕು. ತಿರುಗುವ ಸ್ಪಿಂಡಲ್ ಬಳಿ ಕೈಗವಸು, ಸಡಿಲ ಅಂಗಿ, ಜೋತುಬಿದ್ದ ಸೆರಗು ಸಲ್ಲದು. ಅಂಗನವಾಡಿ, ಶಾಲೆಗಳ ಪಕ್ಕದಲ್ಲಿ ಇಂತಹ ಘಟಕಕ್ಕೆ ಅನುಮತಿ ನೀಡುವ ಮೊದಲು ಸ್ಥಳ ಪರಿಶೀಲನೆ ನಡೆಯಲೇಬೇಕು. ಮರದ ಮೂಲಕ್ಕೆ ಬಿಲ್ಲು, ಅಗತ್ಯವಿರುವಲ್ಲಿ ಅರಣ್ಯ ಇಲಾಖೆಯ ಪರವಾನಗಿ ಇರುವುದನ್ನೂ ನೋಡಬೇಕು.

ಆರು: ಪಂಚಾಯಿತಿ ಕಟ್ಟಡಗಳ ನಾಮಫಲಕ, ಅರಿವು ಕೇಂದ್ರದ ಬಾಗಿಲು, ಗಣ್ಯರಿಗೆ ನೀಡುವ ಸ್ಮರಣಿಕೆ ಇವುಗಳನ್ನು, ನಿಯಮಾನುಸಾರ, ಸ್ಥಳೀಯ ಕುಶಲಕರ್ಮಿಗಳಿಂದ ಮಾಡಿಸೋಣ. ಪ್ಲಾಸ್ಟಿಕ್ ಫಲಕಕ್ಕೆ ಕೊಡುವ ಹಣದಲ್ಲಿಯೇ ಒಂದಷ್ಟು ಆದೇಶಗಳು ಇವರಿಗೆ ದೊರೆತರೆ ಕಲಿತವರು ಕೈಬಿಡದೆ ಮುಂದುವರಿಯುತ್ತಾರೆ.

7. ಇಂದಿನ ಸ್ಥಿತಿ

ನಮ್ಮ ಸಭೆಯು ಈ ಶಿಫಾರಸುಗಳಲ್ಲಿ ಮೊದಲ ಮೂರನ್ನು ಒಪ್ಪಿ ನಿರ್ಣಯ ಅಂಗೀಕರಿಸಿದೆ. ಯಂತ್ರ ಬೇಕೆಂದ ಸದಸ್ಯರಿಗೆ ಪೂರ್ತಿ ಸಮಾಧಾನವಾಗಿಲ್ಲ. ಅವರ ಅವಸರಕ್ಕೂ ಕಾರಣವಿದೆ: ಊರು ಬಿಟ್ಟುಹೋಗುತ್ತಿರುವ ಹುಡುಗರು ಕಾಯುವುದಿಲ್ಲ. ಆಚಾರ್ಯರ ಮಗ ಈಗಲೂ ವಾರದ ಆರು ದಿನ ಪಟ್ಟಣದ ಘಟಕಕ್ಕೆ ಹೋಗುತ್ತಾರೆ. ಭಾನುವಾರ ಬೆಳಿಗ್ಗೆ ತಂದೆ ಮಗ ಇಬ್ಬರೂ ಅರಿವು ಕೇಂದ್ರದಲ್ಲಿ ಕೂರುತ್ತಾರೆ. ಇದುವರೆಗೆ ಅವರು ಸಿದ್ಧಪಡಿಸಿರುವುದು ಏಳು ವಿನ್ಯಾಸಗಳು. ಎರಡು ಮನೆಗಳ ಬಾಗಿಲ ಚೌಕಟ್ಟಿಗೆ ಆದೇಶ ಬಂದಿದೆ. ಇದು ದೊಡ್ಡ ಸಂಖ್ಯೆಯಲ್ಲ. ಆದರೆ ಆ ಎರಡೂ ಚೌಕಟ್ಟುಗಳ ಬೆಲೆಯನ್ನು ಹೇಳಿದವರು ಆಚಾರ್ಯರೇ.

ಮೊದಲ ಬಾರಿ ಕೆಟ್ಟುಹೋದ ಆ ಶಿವನೆ ಫಲಕವನ್ನು ನನ್ನ ಕಚೇರಿಯ ಮೇಜಿನ ಮೇಲೆ ಇಟ್ಟುಕೊಂಡಿದ್ದೇನೆ. ಯಂತ್ರದ ದರಪಟ್ಟಿ ಹಿಡಿದು ಬರುವ ಪ್ರತಿನಿಧಿಗಳಿಗೆ ಅದನ್ನು ಮೊದಲು ತೋರಿಸುತ್ತೇನೆ. ತಮ್ಮ ಪಂಚಾಯಿತಿಗಳಲ್ಲಿಯೂ ಇಂತಹ ಪ್ರಸ್ತಾವ ಬಂದಾಗ "ಯಂತ್ರದ ಬೆಲೆ ಎಷ್ಟು?" ಎಂಬ ಪ್ರಶ್ನೆಗೂ ಮೊದಲು "ವಿನ್ಯಾಸ ಯಾರದು?" ಎಂದು ಕೇಳಬೇಕೆಂಬುದು ನನ್ನ ವಿನಂತಿ.

 

– ಪಂಚಾಯಿತಿ ಅಭಿವೃದ್ಧಿ ಅಧಿಕಾರಿ